ಬೋಕಿಗಳ ಗುಡ್ಡದ ಮೇಲೆ ಎಣ್ಣೆಯ ಲೆಕ್ಕ

ರೋಮ್ ನಗರದ ಮೊಂಟೆ ಟೆಸ್ಟಾಚ್ಚೊ ಗುಡ್ಡದಲ್ಲಿ ಬಂಡೆ ಇಲ್ಲ. ಮಣ್ಣೂ ಮೇಲೆ ಹುಲ್ಲು ಹಿಡಿಯುವಷ್ಟೇ. ಅಡಿಯಿಂದ ನೆತ್ತಿಯವರೆಗೆ ಒಡೆದ ಮಡಕೆಯ ಬೋಕಿ, ಬರೀ ಬೋಕಿ. ಸುತ್ತಳತೆ ಸುಮಾರು ಒಂದು ಕಿಲೋಮೀಟರ್, ಎತ್ತರ ಸುಮಾರು 35 ಮೀಟರ್. ಇಷ್ಟು ದೊಡ್ಡ ಗುಡ್ಡವಾಗಬೇಕಾದರೆ ಪ್ರಾಚೀನ ರೋಮನ್ನರ ಕಾಲದಲ್ಲಿ 5 ಕೋಟಿಗೂ ಹೆಚ್ಚು ಆಲಿವ್ ಎಣ್ಣೆ ಮಡಕೆಗಳು ಒಡೆದಿರಬೇಕು ಎಂದು ಒಂದು ಅಂದಾಜಿದೆ.

ರೋಮ್‌ನ ಮಿಕ್ಕ ದಿನಗಳ ಬಗ್ಗೆ ನಾನು ಹೆಚ್ಚು ಹೇಳುವುದಿಲ್ಲ. ಕೊಲೋಸಿಯಂ ನೋಡಿದೆವು; ಬಿಸಿಲು, ಸರತಿ, ನೂಕುನುಗ್ಗಲು, ಬಾಗಿಲಲ್ಲಿ ಗ್ಲಾಡಿಯೇಟರ್ ವೇಷ ತೊಟ್ಟು ಫೋಟೊಗೆ ದುಡ್ಡು ಕೇಳುವವರು. ಅಲ್ಲಿ ನನ್ನ ಮನಸ್ಸು ನಿಲ್ಲಲಿಲ್ಲ. ಓಸ್ಟಿಯೆನ್ಸೆ ರಸ್ತೆಯ ಸೆಂಟ್ರಾಲೆ ಮೊಂಟೆಮಾರ್ಟಿನಿ ಮಾತ್ರ ತುಂಬಾ ಹಿಡಿಸಿತು. ಹಳೆಯ ವಿದ್ಯುತ್ ಸ್ಥಾವರವೊಂದರ ಕರಿ ಯಂತ್ರಗಳ ನಡುವೆ ಅಮೃತಶಿಲೆಯ ದೇವತೆಗಳನ್ನು ನಿಲ್ಲಿಸಿದ್ದಾರೆ, ಗದ್ದಲವೇ ಇಲ್ಲ. ಅಲ್ಲಿಂದ ಟೆಸ್ಟಾಚ್ಚೊಗೆ ನಡೆದೇ ಹೋಗಬಹುದು.

ಗುಡ್ಡದ ಗೇಟಿಗೆ ಸದಾ ಬೀಗ. ಇದನ್ನು ಒತ್ತಿ ಹೇಳುತ್ತಿದ್ದೇನೆ, ಏಕೆಂದರೆ ಆ ಸಿಟ್ಟು ಇನ್ನೂ ಆರಿಲ್ಲ. ಊರಲ್ಲೇ ಕೂತು ಆನ್‌ಲೈನ್‌ನಲ್ಲಿ 'ಗುಡ್ಡದ ಪ್ರವೇಶ ಸೇರಿ' ಎಂದು ಬರೆದಿದ್ದ ಟಿಕೆಟ್ ತೆಗೆದುಕೊಂಡಿದ್ದೆವು. ಬಂದ ಹುಡುಗ ಮಾರುಕಟ್ಟೆಯಲ್ಲಿ ಅದು ಇದು ತಿನ್ನಿಸಿ, ಕೊನೆಗೆ ಗೇಟಿನ ಮುಂದೆ ನಿಲ್ಲಿಸಿ, "ಇದೇ ಗುಡ್ಡ, ಫೋಟೊ ತೆಗೆದುಕೊಳ್ಳಿ" ಅಂದ. ದುಡ್ಡು ವಾಪಸ್ ಕೇಳಿ ಕಳಿಸಿದ ಮೇಲ್‌ಗೆ ಈವರೆಗೆ ಉತ್ತರವಿಲ್ಲ. ಮುಂಗಡ ಅನುಮತಿ ಪಡೆದ ಗುಂಪಿಗಷ್ಟೇ, ಗೊತ್ತುಪಡಿಸಿದ ದಿನ ಆ ಗೇಟು ತೆರೆಯುತ್ತದೆ. ಹೋಗುವವರು ಮೊದಲು ರೋಮ್ ನಗರದ ಪ್ರವಾಸಿ ಸಹಾಯವಾಣಿ 060608ಕ್ಕೆ ಕರೆ ಮಾಡಿ ವಿಚಾರಿಸಿ. ನಮಗೆ ತಂಗಿದ್ದ ಮನೆಯ ಯಜಮಾನಿ ತಾವೇ ಫೋನು ಮಾಡಿ, ಪುರಾತತ್ತ್ವ ಓದಿದ ಒಬ್ಬ ಯುವತಿ ಕರೆದೊಯ್ಯುವ ಗುಂಪಿನಲ್ಲಿ ಜಾಗ ಕೊಡಿಸಿದರು.

ಜೊತೆಗೆ ಅಕ್ಕ ಇದ್ದಳು. ಅಕ್ಕನನ್ನು ಕೊಟ್ಟಿರುವುದು ಚಳ್ಳಕೆರೆಗೆ, ಎಣ್ಣೆ ಮಿಲ್ಲಿನ ಮನೆಗೆ. ಶೇಂಗಾ ಎಣ್ಣೆಯ ಡಬ್ಬ, ತೂಕ, ಸೋರಿಕೆ, ಬಾಕಿ ಇವುಗಳಲ್ಲೇ ಅವಳ ಬದುಕು ಸವೆದಿದೆ. ಆ ಗುಡ್ಡ ನನಗಿಂತ ಅವಳಿಗೇ ಚೆನ್ನಾಗಿ ಅರ್ಥವಾಯಿತು.

ಹತ್ತುವ ದಾರಿಯಲ್ಲಿ ಪ್ರತಿ ಹೆಜ್ಜೆಗೂ ಕಾಲಡಿ ಕಿಣಿಕಿಣಿ ಸದ್ದು. ಯುವತಿ ಬಗ್ಗಿ ಒಂದು ಬೋಕಿ ಎತ್ತಿ ಅಕ್ಕನ ಕೈಗಿಟ್ಟಳು. ಮಡಕೆಯ ಹಿಡಿ ಅದು, ಮಣಿಕಟ್ಟಿನಷ್ಟು ದಪ್ಪ. ಹಿಡಿಯನ್ನು ಕುತ್ತಿಗೆಗೆ ಅಂಟಿಸುವಾಗ ಕುಂಬಾರ ಒತ್ತಿದ ಹೆಬ್ಬೆರಳಿನ ಗುಂಡಿ ಹಾಗೇ ಉಳಿದಿತ್ತು. ಅಕ್ಕ ತನ್ನ ಹೆಬ್ಬೆರಳನ್ನು ಅದರಲ್ಲಿಟ್ಟು ನೋಡಿದಳು. ಒಡೆದ ಅಂಚಿನಲ್ಲಿ ಬಿಳಿ ಪುಡಿ ಗಟ್ಟಿಯಾಗಿ ಕಚ್ಚಿಕೊಂಡಿತ್ತು.

"ಇದೇನು, ಸುಣ್ಣವಾ?" ಅಂದಳು ಅಕ್ಕ.

ಸುಣ್ಣವೇ. ಎಣ್ಣೆ ಹೀರಿದ ಮಣ್ಣು ಬಿಸಿಲಿಗೆ ಕಮಟು ಹೊಡೆಯುತ್ತದೆ, ಆ ವಾಸನೆ ಅಡಗಲೆಂದು ಬೋಕಿ ಸುರಿದ ಮೇಲೆಲ್ಲ ಸುಣ್ಣ ಹಾಕುತ್ತಿದ್ದರಂತೆ. ಹಾಗಾದರೆ ಮಡಕೆಗಳನ್ನು ತೊಳೆದು ಮತ್ತೆ ಯಾಕೆ ಬಳಸಲಿಲ್ಲ ಎಂದು ನಾನು ಕೇಳಿದೆ. ಉತ್ತರ ಬಂದದ್ದು ಅಕ್ಕನಿಂದ. "ಸುಮ್ನಿರೋ, ಜಿಡ್ಡು ಕುಡಿದ ಮಣ್ಣಿನ ಮಡಕೆ ತೊಳೆದರೆ ಹೋಗುತ್ತಾ? ಹೊಸ ಎಣ್ಣೆ ಹುಯ್ದರೆ ಅದೂ ಕೆಡುತ್ತೆ." ನಾನು ಇದನ್ನು ಇಂಗ್ಲಿಷಿನಲ್ಲಿ ಹೇಳಿದಾಗ ಯುವತಿ ನಕ್ಕು, ಪುರಾತತ್ತ್ವಜ್ಞರೂ ಇದನ್ನೇ ಹೇಳುತ್ತಾರೆ ಅಂದಳು. ದ್ರಾಕ್ಷಾರಸದ ಮಡಕೆಗಳ ಪಾಡು ಬೇರೆಯಿತ್ತು. ಅವು ಮರುಬಳಕೆಗೆ ಬರುತ್ತಿದ್ದವು, ಇಲ್ಲವೇ ಕುಟ್ಟಿ ಪುಡಿಯಾಗಿ ಗಾರೆಗೆ ಸೇರುತ್ತಿದ್ದವು. ಎಣ್ಣೆಯ ಬೋಕಿ ಗಾರೆಯಲ್ಲಿ ಸುಣ್ಣದ ಜೊತೆ ಹೊಂದುವುದಿಲ್ಲ. ಹಾಗಾಗಿ ನದಿದಂಡೆಯ ಗೋದಾಮುಗಳಲ್ಲಿ ಎಣ್ಣೆ ಸುರಿದುಕೊಂಡು, ಖಾಲಿ ಮಡಕೆಯನ್ನು ಇಲ್ಲಿಗೆ ತಂದು ಒಡೆಯುತ್ತಿದ್ದರು.

ಬೇಕಾಬಿಟ್ಟಿ ಎಸೆದ ರಾಶಿ ಎಂದುಕೊಂಡಿದ್ದೆ. ಅಗೆದ ಜಾಗದ ಚಿತ್ರಗಳನ್ನು ನೋಡಿದ ಮೇಲೆ ಆ ಭಾವನೆ ಹೋಯಿತು. ಅಂಚಿಗೆ ಮಡಕೆಯ ದೊಡ್ಡ ತುಂಡುಗಳನ್ನು ಬೋಕಿ ತುಂಬಿ ಗೋಡೆಯಂತೆ ಜೋಡಿಸಿ, ಒಳಗೆ ಸುರಿದು, ಅದರ ಮೇಲೆ ಇನ್ನೊಂದು ಹಂತ ಕಟ್ಟಿದ್ದಾರೆ. ಕಸ ಹಾಕುವುದಕ್ಕೂ ಒಬ್ಬ ಮೇಸ್ತ್ರಿ, ಒಂದು ಕ್ರಮ ಇದ್ದಿರಲೇಬೇಕು.

ನೆತ್ತಿಯ ಮೇಲೆ ಒಂದು ಶಿಲುಬೆ. ಮಧ್ಯಯುಗದಲ್ಲಿ ಯೇಸುವಿನ ಕೊನೆಯ ಯಾತ್ರೆಯ ಆಚರಣೆ ಇಲ್ಲಿ ನಡೆಯುತ್ತಿತ್ತಂತೆ. 1849ರಲ್ಲಿ ಫ್ರೆಂಚರ ವಿರುದ್ಧ ಇಟಲಿಯ ಏಕೀಕರಣದ ನಾಯಕ ಗಾರಿಬಾಲ್ಡಿಯ ಕಡೆಯವರು ಇದೇ ನೆತ್ತಿಯಲ್ಲಿ ಫಿರಂಗಿ ಇಟ್ಟಿದ್ದರು. ಒಂದು ಕಡೆ ಸೆಸ್ಟಿಯಸ್ ಎಂಬ ಪ್ರಾಚೀನ ರೋಮನ್ನನ ಸಮಾಧಿಯಾದ ಪಿರಮಿಡ್, ಇನ್ನೊಂದು ಕಡೆ ಹಳೆಯ ಗ್ಯಾಸ್ ಟ್ಯಾಂಕಿನ ಕಬ್ಬಿಣದ ಚೌಕಟ್ಟು ಕಾಣುತ್ತವೆ. ನಾವು ಇದನ್ನೆಲ್ಲ ಅರೆಬರೆ ನೋಡಿದೆವು. ಯುವತಿ ಟ್ಯಾಬ್ಲೆಟ್ ತೆರೆದು ಮಡಕೆಗಳ ಮೇಲಿನ ಬರಹ ತೋರಿಸತೊಡಗಿದ್ದೇ ಅಕ್ಕ ಅಲ್ಲೇ ಕೂತುಬಿಟ್ಟಳು.

ಇಲ್ಲಿನ ಬೋಕಿಗಳಲ್ಲಿ ಹೆಚ್ಚಿನವು ಸ್ಪೇನಿನ ದಕ್ಷಿಣದಿಂದ ಬಂದವು. ಗ್ವಾದಲ್ಕಿವಿರ್ ನದಿಯ ಕಣಿವೆ, ರೋಮನ್ನರ ಬೇಟಿಕಾ ಪ್ರಾಂತ್ಯ. ಉಳಿದವುಗಳಲ್ಲಿ ಬಹುಪಾಲು ಉತ್ತರ ಆಫ್ರಿಕಾದವು. ಸ್ಪೇನಿನ ಮಡಕೆಯದು ಗುಂಡು ಹೊಟ್ಟೆ, ಗಿಡ್ಡ ಕುತ್ತಿಗೆ. ಖಾಲಿ ಇದ್ದಾಗಲೇ ಸುಮಾರು 30 ಕಿಲೋ ತೂಗುವ ಅದರಲ್ಲಿ ಸುಮಾರು 70 ಲೀಟರ್ ಎಣ್ಣೆ ಹಿಡಿಯುತ್ತಿತ್ತು. 1872ರಲ್ಲಿ ಹೈನ್‌ರಿಶ್ ಡ್ರೆಸೆಲ್ ಎಂಬ ಜರ್ಮನ್ ವಿದ್ವಾಂಸ ಈ ಗುಡ್ಡದ ಬರಹಗಳನ್ನು ಓದಲು ಕೂತ. ಮಡಕೆಗಳನ್ನು ಆಕಾರದ ಮೇಲೆ ಅವನು ವಿಂಗಡಿಸಿದ ಪಟ್ಟಿ ಇಂದಿಗೂ ಬಳಕೆಯಲ್ಲಿದೆ, ಈ ಗುಂಡು ಮಡಕೆಯನ್ನು ಪುರಾತತ್ತ್ವಜ್ಞರು ಡ್ರೆಸೆಲ್ 20 ಎಂದೇ ಕರೆಯುತ್ತಾರೆ. 1989ರಿಂದ ಸ್ಪೇನಿನ ತಂಡವೂ ಇಲ್ಲಿ ಅಗೆದಿದೆ.

ಹಿಡಿಯ ಮೇಲಿನ ಒತ್ತುಮುದ್ರೆ ಮಡಕೆ ಮಾಡಿಸಿದ ಕಡೆಯ ಗುರುತು. ಅದಕ್ಕಿಂತ ನನ್ನನ್ನು ಹಿಡಿದು ನಿಲ್ಲಿಸಿದ್ದು ಹೊಟ್ಟೆಯ ಮೇಲೆ ಕುಂಚದಲ್ಲಿ ಬರೆದ ಸಾಲುಗಳು. ಮೇಲೆ ಖಾಲಿ ಮಡಕೆಯ ತೂಕ. ಅದರ ಕೆಳಗೆ ವ್ಯಾಪಾರಿಯ ಹೆಸರು, ಆಮೇಲೆ ತುಂಬಿದ ಎಣ್ಣೆಯ ತೂಕ. ಪಕ್ಕದಲ್ಲಿ ಓರೆಯಾಗಿ, ಅವಸರದ ಅಕ್ಷರದಲ್ಲಿ ಸರ್ಕಾರಿ ತಪಾಸಣೆಯ ಟಿಪ್ಪಣಿ: ಯಾವ ಊರಿನ ಕಟ್ಟೆ, ಯಾವ ವರ್ಷ, ಯಾರ ಎದುರಿಗೆ ತೂಗಿದ್ದು. ಊರೆಂದರೆ ಇಂದಿನ ಸೆವಿಲ್ಲೆ, ಕೊರ್ದೊಬಾ, ಎಸಿಹಾ. ವರ್ಷವನ್ನು ಆ ಸಾಲಿನ ಇಬ್ಬರು ಕಾನ್ಸಲ್‌ಗಳ, ಅಂದರೆ ರೋಮ್‌ನ ಉನ್ನತ ಅಧಿಕಾರಿಗಳ, ಹೆಸರಲ್ಲಿ ಬರೆಯುತ್ತಿದ್ದುದರಿಂದ ಮಡಕೆ ಯಾವ ವರ್ಷದ್ದೆಂದು ಖಚಿತವಾಗಿ ತಿಳಿಯುತ್ತದೆ. ಆ ಓರೆ ಬರಹ ನಮ್ಮ ಶಾನುಭೋಗರ ಕಡತದ ಮೋಡಿ ಅಕ್ಷರದ ಹಾಗಿತ್ತು, ಕಲಿತವನಿಗೆ ಬಿಟ್ಟರೆ ಬೇರೆಯವರಿಗೆ ಬಿಡಿಸಲಾಗದು.

ಅಕ್ಕ ಕೇಳಿದಳು, "ಖಾಲಿ ತೂಕವನ್ನೂ ಮಡಕೆ ಮೇಲೇ ಬರೀತಿದ್ದರಾ?"

"ಹೌದು, ಪ್ರತಿಯೊಂದರ ಮೇಲೂ."

"ಹಾಗಿದ್ದರೆ ದಾರೀಲಿ ಕದಿಯೋಕೆ ಆಗ್ತಿರಲಿಲ್ಲ. ಇಲ್ಲಿ ಮತ್ತೆ ತೂಗಿ, ಖಾಲಿ ತೂಕ ಕಳೆದರೆ ಎಷ್ಟು ಕಮ್ಮಿ ಅಂತ ಸಿಕ್ಕಿಬೀಳುತ್ತೆ. ನಮ್ಮ ಮಾವನವರು ಡಬ್ಬದ ಮೇಲೆ ಸೀಮೆಸುಣ್ಣದಲ್ಲಿ ಹೀಗೇ ಬರೀತಿದ್ದರು ಕಣೋ."

ಯುವತಿ ಬೇರೆಯವರನ್ನು ಮರೆತು ಅಕ್ಕನ ಪಕ್ಕವೇ ಕೂತಳು. ವ್ಯಾಪಾರಿಯ ಹೆಸರಿರಬೇಕಾದ ಸಾಲಿನಲ್ಲಿ ಒಂದು ಕಾಲದಲ್ಲಿ ಚಕ್ರವರ್ತಿ ಸೆಪ್ಟಿಮಿಯಸ್ ಸೆವೆರಸ್ ಮತ್ತು ಅವನ ಮಗನ ಹೆಸರು ಬರುವುದನ್ನು ತೋರಿಸಿದಳು. ಕ್ರಿ.ಶ. 197ರಲ್ಲಿ ತನ್ನ ಎದುರಾಳಿ ಕ್ಲೋಡಿಯಸ್ ಅಲ್ಬಿನಸ್‌ನನ್ನು ಸೋಲಿಸಿದ ಮೇಲೆ ಸೆವೆರಸ್ ಅವನ ಕಡೆಯವರ ಆಸ್ತಿ ಮುಟ್ಟುಗೋಲು ಹಾಕಿಕೊಂಡ. ರೋಮ್‌ನ ಜನಕ್ಕೆ ದಿನವೂ ಪುಕ್ಕಟೆ ಎಣ್ಣೆ ಕೊಡುವ ಏರ್ಪಾಡು ಅವನದೇ ಎಂದು ಪ್ರಾಚೀನ ಗ್ರಂಥವೊಂದು ಹೇಳುತ್ತದೆ. ಮುಂದೆ ಕೆಲವು ಕಾಲ ಆ ಸಾಲಿನಲ್ಲಿ ಬೇಟಿಕಾದ ಖಜಾನೆಯ ಹೆಸರು ಬಂದು, ಆಮೇಲೆ ಮತ್ತೆ ಖಾಸಗಿ ವ್ಯಾಪಾರಿಗಳು ಕಾಣಿಸಿಕೊಳ್ಳುತ್ತಾರೆ.

"ಎದುರಾಳಿಯ ಕಡೆಯವರ ತೋಟ ಕಿತ್ತುಕೊಂಡು ಊರಿಗೆಲ್ಲ ಎಣ್ಣೆ ಹಂಚಿದ. ಜನ ಅವನನ್ನು ಹೊಗಳಿರ್ತಾರೆ ಬಿಡು," ಅಂದಳು ಅಕ್ಕ. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, "ತೋಟ ಕಳಕೊಂಡೋರ ಹೆಸರು ಹಿಂದಿನ ಮಡಕೆಗಳಲ್ಲಾದರೂ ಇರುತ್ತಾ?" ಎಂದು ಕೇಳಿದಳು. ಕೆಲವರದು ಇದ್ದರೂ ಇರಬಹುದು, ಹಿಡಿಯ ಮುದ್ರೆಗಳಲ್ಲಿ ಹುಡುಕುವವರಿದ್ದಾರೆ, ಎಂದಳು ಯುವತಿ.

ನನಗೆ ಇಡೀ ರೋಮ್‌ನಲ್ಲಿ ಇದಕ್ಕಿಂತ ದೊಡ್ಡದೇನೂ ಕಾಣಲಿಲ್ಲ. ವಿಜಯಸ್ತಂಭಗಳ ಮೇಲೆ ದೊರೆಗಳು ನಾವು ಓದಲೆಂದೇ ಬರೆಸಿದರು. ಈ ಗುಮಾಸ್ತ ಬರೆದದ್ದು ಒಂದು ಪ್ರಯಾಣದ ಮಟ್ಟಿಗೆ; ಎಣ್ಣೆ ಇಳಿದ ಮೇಲೆ ಒಡೆದು ಎಸೆಯುವ ಮಡಕೆಯ ಮೇಲೆ. ಲಕ್ಷಾಂತರ ಹೊಟ್ಟೆಗೆ ಎಣ್ಣೆ ಎಲ್ಲಿಂದ ಬಂತು, ಯಾರು ತೂಗಿದರು, ಲಾಭ ಯಾರ ಕೈಗೆ ಹೋಯಿತು ಎಂಬುದು ತಿಳಿದಿರುವುದು ಅವನಿಂದ. ಅವನ ಮುಂದೆ ಕೈಮುಗಿಯಬೇಕು ಅನ್ನಿಸಿತು.

ಬೋಕಿ ಜೇಬಿಗಿಳಿಸುವುದು ಅಪರಾಧ, ಅಕ್ಕ ಆ ಹಿಡಿಯನ್ನು ಇದ್ದಲ್ಲೇ ಇಟ್ಟಳು. ಚಪ್ಪಲಿಯಲ್ಲಿ ಮಾತ್ರ ಹತ್ತಬೇಡಿ, ಚೂರುಗಳು ಜಾರುತ್ತವೆ.

ಗುಡ್ಡದ ಬುಡದಲ್ಲಿ ದ್ರಾಕ್ಷಾರಸ ತಂಪಾಗಿಡಲು ಕೊರೆದ ನೆಲಮಾಳಿಗೆಗಳು ಈಗ ಹೋಟೆಲುಗಳಾಗಿವೆ. ನಾವು ಊಟಕ್ಕೆ ಕೂತ ಕಡೆ ಗಾಜಿನ ಗೋಡೆಯಾಚೆ ಬೋಕಿಯ ಪದರಗಳೇ ಕಾಣುತ್ತಿದ್ದವು. ಹತ್ತಿರದಲ್ಲೇ ಹಳೆಯ ಕಸಾಯಿಖಾನೆ ಇದ್ದ ಕೇರಿಯಿದು, ಇಲ್ಲಿನ ಹೆಸರಾಂತ ಅಡುಗೆಯೆಲ್ಲ ಕರುಳು-ಬಾಲದ್ದು. ನಮಗೆ ಒಗ್ಗಿದ್ದು ಕಾಚೊ ಎ ಪೆಪೆ ಎಂಬ ಪಾಸ್ತಾ: ಉಪ್ಪುಪ್ಪು ಚೀಸ್, ಧಾರಾಳ ಕರಿಮೆಣಸು. ಅಷ್ಟು ಕಡಿಮೆ ಸಾಮಾನಿನಲ್ಲಿ ಅಷ್ಟು ರುಚಿಯಾದ ಊಟ ಆ ಊರಲ್ಲಿ ಬೇರೆ ಸಿಗಲಿಲ್ಲ. ಕರಿಮೆಣಸು ಒಂದು ಪೌಂಡಿಗೆ 4 ದಿನಾರಿ (ರೋಮನ್ ಬೆಳ್ಳಿ ನಾಣ್ಯ) ಎಂದು 1ನೇ ಶತಮಾನದ ರೋಮನ್ ಲೇಖಕ ಪ್ಲಿನಿ ಬರೆದಿಟ್ಟಿದ್ದಾನೆ. ಅದು ಹೋಗುತ್ತಿದ್ದುದು ನಮ್ಮ ಪಶ್ಚಿಮ ಕರಾವಳಿಯಿಂದ.

ದಿನಾರಿ ಎಂದಾಗ ಚಂದ್ರವಳ್ಳಿ ನೆನಪಾಯಿತು. ಚಿತ್ರದುರ್ಗದ ಆ ಕಣಿವೆಯಲ್ಲಿ ಪುರಾತತ್ತ್ವಜ್ಞ ಎಂ. ಎಚ್. ಕೃಷ್ಣ ಅಗೆಸಿದರು, 1947ರಲ್ಲಿ ಬ್ರಿಟಿಷ್ ಪುರಾತತ್ತ್ವಜ್ಞ ಮಾರ್ಟಿಮರ್ ವೀಲರ್ ಅಗೆಸಿದರು. ರೋಮ್‌ನ ಅಗಸ್ಟಸ್, ತಿಬೇರಿಯಸ್ ದೊರೆಗಳ ಬೆಳ್ಳಿ ನಾಣ್ಯಗಳು ಅಲ್ಲಿ ಸಿಕ್ಕಿವೆ. ಚಳ್ಳಕೆರೆಗೆ ಅದು ದೂರವೇನಲ್ಲ, ಅಕ್ಕ ಪಿಕ್ನಿಕ್‌ಗೆಂದು ಎಷ್ಟೋ ಸಲ ಹೋಗಿದ್ದಾಳೆ. ನಾಣ್ಯದ ವಿಷಯ ಅವಳಿಗೆ ಯಾರೂ ಹೇಳಿರಲಿಲ್ಲ.

"ಅಲ್ಲಿ ಮಡಕೆ ಚೂರು ಸಿಕ್ಕಿದ್ದರೆ ಎಲ್ಲಿಟ್ಟಿದ್ದಾರೆ?" ಅಂದಳು. ನಾಣ್ಯ ಎಲ್ಲಿದೆ ಎಂದು ಅವಳು ಕೇಳಲಿಲ್ಲ.