ನನ್ನ ಫೈಲ್ ಯಾರು ತೆಗೆದು ನೋಡಿದ್ರು?

ಎಸ್ಟೋನಿಯಾದ ರಾಜಧಾನಿ ಟ್ಯಾಲಿನ್‌ಗೆ ಬಂದು ನಂಗಿದು ಎರಡನೇ ಚಳಿಗಾಲ. ಹೋದ ತಿಂಗಳು ಗಂಟಲು ಕೆಟ್ಟು ಮೂರು ದಿನ ಮಲಗಿಬಿಟ್ಟೆ, ಫ್ಯಾಮಿಲಿ ಡಾಕ್ಟರ್‌ಗೆ ಫೋನ್ ಮಾಡಿದ್ರೆ ಎಲ್ಲಾ ವಿಚಾರಿಸಿ "ಔಷಧಿ ಬರ್ದಿದೀನಿ, ಹೋಗಿ ತಗೊಳ್ಳಿ" ಅಂದ್ರು, ಮುಗೀತು. ಚೀಟಿ ಗೀಟಿ ಏನಿಲ್ಲ. ಮನೆ ಹತ್ರದ ಮೆಡಿಕಲ್ ಶಾಪಲ್ಲಿ ಇಲ್ಲಿನ ಐಡಿ ಕಾರ್ಡ್ ಕೊಟ್ಟೆ, ಅಲ್ಲಿದ್ದೋರು ಸ್ಕ್ರೀನ್ ನೋಡಿ ಮಾತ್ರೆ ತೆಗೆದು ಕೊಟ್ರು. ಎಸ್ಟೋನಿಯಾದಲ್ಲಿ 2010ರಿಂದ ಹೀಗೇ ನಡೀತಿದೆ.

ಬಂದ ಹೊಸದ್ರಲ್ಲಿ ನಾನು ಇಂಥಾದ್ದನ್ನೇ ದಿನಾ ಮನೆಗೆ ಫೋನ್ ಮಾಡಿ ಹೇಳ್ತಿದ್ದೆ. ಇನ್ಕಮ್ ಟ್ಯಾಕ್ಸ್ ಫಾರಂ ಅವರೇ ತುಂಬಿಟ್ಟಿರ್ತಾರೆ ನಾವು ನೋಡಿ ಒಪ್ಕೊಂಡ್ರೆ ಸಾಕು, ಓಟು ಕೂಡ ಲ್ಯಾಪ್‌ಟಾಪಲ್ಲೇ ಹಾಕ್ತಾರೆ, 2005ರಿಂದ ಹಾಕ್ತಿದಾರೆ, 2023ರ ಪಾರ್ಲಿಮೆಂಟ್ ಎಲೆಕ್ಷನ್ನಲ್ಲಿ ಅರ್ಧಕ್ಕಿಂತ ಜಾಸ್ತಿ ಓಟು ಇಂಟರ್ನೆಟ್ಟಲ್ಲೇ ಬಿತ್ತು ಅಂತೆಲ್ಲ. ಅಪ್ಪ ಎಲ್ಲಾ ಕೇಳಿಸ್ಕೊಂಡು ಒಂದ್ಸಲ ಕೇಳಿದ್ರು, "ಅಲ್ಲ ಕಣೋ, ಎಲ್ಲಾ ಗೌರ್ಮೆಂಟ್ ಕೈಲೇ ಇದ್ರೆ, ನಿನ್ ಫೈಲ್ ಯಾರ್ ಬೇಕಾದ್ರೂ ತೆಗೆದು ನೋಡಬಹುದಲ್ಲ?"

ಅವತ್ತು ನನ್ನ ಹತ್ರ ಉತ್ತರ ಇರ್ಲಿಲ್ಲ. ಆಫೀಸಲ್ಲಿ ಪಕ್ಕದ ಸೀಟಿನ ಎಸ್ಟೋನಿಯನ್ ಹುಡುಗಿನ ಕೇಳಿದೆ, ಅವಳು ಸರ್ಕಾರದ ಪೋರ್ಟಲ್ ಓಪನ್ ಮಾಡ್ಸಿ ಒಂದು ಪೇಜ್ ತೋರ್ಸಿದ್ಳು. ಅದರ ಹೆಸರು ಆಂಡ್ಮೆಯಾಲ್ಗಿಯಾ, ಡೇಟಾ ಯಾರ ಕೈಗೆ ಹೋಯ್ತು ಅಂತ ಜಾಡು ಹಿಡಿಯೋದು ಅಂತ ಅರ್ಥ. ಕಾರ್ಡ್ ಹಾಕಿ ಪಿನ್ ಒತ್ತಿದ್ರೆ ಒಂದು ಪಟ್ಟಿ ಬರುತ್ತೆ: ಇಂಥ ತಾರೀಕು, ಇಷ್ಟು ಗಂಟೆಗೆ, ಇಂಥ ಇಲಾಖೆ ನಿನ್ನ ಮಾಹಿತಿ ತೆಗೆದು ನೋಡಿದೆ. ಹೆಲ್ತ್ ಪೋರ್ಟಲಲ್ಲೂ ಅಷ್ಟೇ, ನನ್ನ ರಿಪೋರ್ಟ್ ಯಾರ್ಯಾರು ತೆಗೆದಿದಾರೆ ಅಂತ ಕಾಣುತ್ತೆ, ಬೇಡ ಅನ್ಸಿದ್ರೆ ಬೇರೆ ಡಾಕ್ಟರ್‌ಗಳಿಗೆ ಕಾಣದ ಹಾಗೆ ಮುಚ್ಚಿಡಲೂಬಹುದು. ಕೆಲಸ ಇಲ್ದೆ ಸುಮ್ನೆ ಕುತೂಹಲಕ್ಕೆ ಇನ್ನೊಬ್ಬರ ದಾಖಲೆ ನೋಡಿದ ನೌಕರರಿಗೆ ಇಲ್ಲಿ ದಂಡ ಬಿದ್ದಿದೆ. ಎಲ್ಲಾ ಡೇಟಾಬೇಸೂ ಈ ಪಟ್ಟಿಲಿ ಬರಲ್ಲ, ಅದು ಕೊರತೆನೇ, ಆದ್ರೂ ನಾನು ಆ ಪೇಜ್ ಮುಂದೆ ಸುಮಾರು ಹೊತ್ತು ಕೂತಿದ್ದೆ.

ಇದು ಹೇಗೆ ಸಾಧ್ಯ ಆಯ್ತು ಅಂತ ಆಮೇಲೆ ಓದ್ತಾ ಹೋದೆ. 1991ರಲ್ಲಿ ಸೋವಿಯತ್ ಒಕ್ಕೂಟದಿಂದ ಬಿಡಿಸ್ಕೊಂಡಾಗ ಇವರ ಹತ್ರ ದುಡ್ಡಿರ್ಲಿಲ್ಲ, ಜನಸಂಖ್ಯೆ ಇವತ್ತಿಗೂ 13 ಲಕ್ಷದ ಆಸುಪಾಸು, ಊರೂರಿಗೆ ಕಚೇರಿ ಕಟ್ಟಿ ಗುಮಾಸ್ತರನ್ನ ಕೂರಿಸೋ ಶಕ್ತಿ ಇರ್ಲಿಲ್ಲ. 1996ರಲ್ಲಿ ಅಧ್ಯಕ್ಷ ಲೆನ್ನಾರ್ಟ್ ಮೆರಿ 'ಹುಲಿ ನೆಗೆತ' ಅನ್ನೋ ಯೋಜನೆ ಘೋಷಿಸಿ ಶಾಲೆಗಳಿಗೆ ಕಂಪ್ಯೂಟರ್, ಇಂಟರ್ನೆಟ್ ಕೊಡೋಕೆ ಶುರು ಮಾಡಿದ್ರು. 2001ರಲ್ಲಿ ಎಕ್ಸ್-ರೋಡ್ ಬಂತು, 2002ರಲ್ಲಿ ಚಿಪ್ ಇರೋ ಗುರುತಿನ ಚೀಟಿ.

ಎಕ್ಸ್-ರೋಡ್ ಅಂದ್ರೆ ಎಲ್ಲಾ ಮಾಹಿತಿನೂ ತಂದು ಒಂದೇ ಕಡೆ ಸುರಿಯೋ ದೊಡ್ಡ ಗೋಡೌನ್ ಅನ್ಕೊಂಡಿದ್ದೆ ನಾನು. ಹಾಗಿಲ್ಲ. ಆರೋಗ್ಯದ್ದು ಆರೋಗ್ಯದ ಡೇಟಾಬೇಸಲ್ಲೇ ಇರುತ್ತೆ, ಟ್ಯಾಕ್ಸ್‌ನವರದ್ದು ಅವರ ಹತ್ರಾನೇ, ಎಕ್ಸ್-ರೋಡ್ ಬರೀ ಅವುಗಳ ಮಧ್ಯದ ದಾರಿ. ಒಂದು ಇಲಾಖೆಗೆ ಇನ್ನೊಂದರಿಂದ ಏನಾದ್ರೂ ಬೇಕು ಅಂದ್ರೆ ಈ ದಾರೀಲಿ ಕೇಳ್ಬೇಕು, ಕೇಳಿದ್ದಕ್ಕೆ ಡಿಜಿಟಲ್ ಸಹಿ ಬೀಳುತ್ತೆ, ಟೈಮ್ ಸಮೇತ ದಾಖಲಾಗುತ್ತೆ. ಒಂದ್ಸಲ ಜನರಿಂದ ತಗೊಂಡ ಮಾಹಿತಿನ ಇನ್ನೊಂದು ಇಲಾಖೆ ಮತ್ತೆ ಕೂಡಿಡೋಕೆ ಬೇರೆ ಡೇಟಾಬೇಸ್ ಮಾಡೋ ಹಾಗಿಲ್ಲ ಅಂತ ಕಾನೂನೇ ಇದೆ. ಒಂದೊಂದು ಕಚೇರಿಗೂ ಅದೇ ಝೆರಾಕ್ಸ್ ಸೆಟ್ ಹಿಡ್ಕೊಂಡು ಹೋಗಿ ಬೆಳೆದೋನು ನಾನು, ಈ ಒಂದು ಸಾಲು ಓದಿ ಮನಸ್ಸು ತುಂಬಿ ಬಂತು ನಿಜವಾಗ್ಲೂ.

ಎಡವಿದ್ದೂ ಇದೆ. 2007ರಲ್ಲಿ ಸೋವಿಯತ್ ಕಾಲದ ಸೈನಿಕನ ಕಂಚಿನ ಪ್ರತಿಮೆ ಜಾಗ ಬದಲಾಯಿಸಿದಾಗ ಗಲಾಟೆ ಆಗಿ, ಜೊತೆಗೇ ಬ್ಯಾಂಕು, ಪತ್ರಿಕೆ, ಸರ್ಕಾರಿ ವೆಬ್‌ಸೈಟ್ ಎಲ್ಲದರ ಮೇಲೂ ಸೈಬರ್ ದಾಳಿ ನಡೀತು. 2017ರಲ್ಲಿ ಗುರುತಿನ ಚೀಟಿಯ ಚಿಪ್ಪಲ್ಲೇ ದೋಷ ಇದೆ ಅಂತ ಜೆಕ್ ಸಂಶೋಧಕರು ಕಂಡುಹಿಡಿದ್ರು, ಏಳು ಲಕ್ಷಕ್ಕೂ ಹೆಚ್ಚು ಕಾರ್ಡಲ್ಲಿ ಅದಿತ್ತು. ಸರ್ಕಾರ ಸೆಪ್ಟೆಂಬರಲ್ಲೇ ಅದನ್ನ ಜನರ ಮುಂದೆ ಹೇಳ್ತು, ನವೆಂಬರ್ 3ಕ್ಕೆ ಅಪ್ಡೇಟ್ ಆಗದ ಕಾರ್ಡ್‌ಗಳ ಸರ್ಟಿಫಿಕೇಟ್, ಅಂದ್ರೆ ಆನ್‌ಲೈನಲ್ಲಿ ಇದು ನಾನೇ ಅಂತ ತೋರ್ಸೋ ಡಿಜಿಟಲ್ ಗುರುತು, ತಡೆಹಿಡೀತು. ಇಷ್ಟು ದೊಡ್ಡ ವ್ಯವಸ್ಥೆ ಮೇಲೆ ಜನ ಆಮೇಲೂ ನಂಬಿಕೆ ಇಟ್ಕೊಂಡ್ರು ಅಂದ್ರೆ ಹೀಗೆ ಬಾಯಿಬಿಟ್ಟು ಹೇಳಿದ್ದಕ್ಕೇ ಅಂತ ನನ್ನ ಅಭಿಪ್ರಾಯ.

ಆ ಪಟ್ಟಿಲಿ ನಂಗೆ ಅರ್ಥ ಆಗದ ಒಂದು ಎಂಟ್ರಿ ಇತ್ತು, ನಾನು ಯಾವತ್ತೂ ಹೋಗದ ಇಲಾಖೆದು. ಯಾಕೆ ನೋಡಿದ್ರಿ ಅಂತ ಬರೆದು ಕೇಳ್ದೆ, ವಿದೇಶಿಯವನು ನಾನು, ಉತ್ತರ ಬರುತ್ತಾ ಅಂತ ಅನುಮಾನ ಇತ್ತು. ಐದನೇ ದಿನಕ್ಕೆ ಬಂತು: ನೀವು ಮನೆ ಬದಲಾಯಿಸಿದ್ರಲ್ಲ, ಹೊಸ ವಿಳಾಸ ಸರಿಯಿದೆಯಾ ಅಂತ ನೋಡೋಕೆ ತೆಗೆದಿದ್ವಿ. ಮೂರೇ ಸಾಲು. ಅವತ್ತು ರಾತ್ರಿ ಅಪ್ಪಂಗೆ ಫೋನ್ ಮಾಡಿ ಅದನ್ನ ಕನ್ನಡದಲ್ಲಿ ಓದಿ ಹೇಳ್ದೆ. ಅವರು ಸ್ವಲ್ಪ ಹೊತ್ತು ಸುಮ್ನಿದ್ದು, "ಇನ್ನೊಂದ್ಸಲ ಓದು" ಅಂದ್ರು.