ಅರ್ಧ ಡೋಸ್ ಡಾಕ್ಟ್ರು

‘ಮಕ್ಕಳಿಗೆ ಅರ್ಧ ಡೋಸು, ಮಕ್ಕಳ ಡಾಕ್ಟ್ರಿಗೆ ಅರ್ಧ ದುಡ್ಡು ಕಣವ್ವಾ!’

ಭಾನುವಾರ ಕುವೆಂಪುನಗರದ ತಂಗಿ ಮನೆಯಲ್ಲಿ ಊಟಕ್ಕೆ ಕೂತಾಗ ನಮ್ಮಣ್ಣ ಹೊಡೆದ ಡೈಲಾಗ್ ಇದು. ಎಲ್ಲರೂ ನಕ್ಕರು, ನಾನೂ ನಕ್ಕೆ. ಆದರೆ ಆವತ್ತಿಂದ ಆ ಮಾತು ತಲೆ ಬಿಟ್ಟು ಹೋಗ್ತಿಲ್ಲ.

ಎಂಬಿಬಿಎಸ್ ಮುಗಿಸಿದ ತಂಗಿ ಮಗಳಿಗೆ ಪಿಜಿ ರ‍್ಯಾಂಕ್ ಚೆನ್ನಾಗಿ ಬಂದಿದೆ. ಯಾವ ಕೋರ್ಸು, ಯಾವ ಕಾಲೇಜು ಬೇಕು ಅಂತ ಆರಿಸೋ ಆಪ್ಷನ್ ಎಂಟ್ರಿ ಶುರುವಾಗಿದೆ. ರೇಡಿಯಾಲಜಿ ಸಿಗುವ ರ‍್ಯಾಂಕ್ ಇಟ್ಟುಕೊಂಡು ಇವಳು ಎಂಡಿ ಪೀಡಿಯಾಟ್ರಿಕ್ಸೇ, ಅಂದ್ರೆ ಮಕ್ಕಳ ಡಾಕ್ಟ್ರ ಓದೇ ಬೇಕು ಅಂತ ಕೂತಿದ್ದಾಳೆ. ಅಣ್ಣ ಮಂಡ್ಯದಿಂದ ಬಸ್ ಹತ್ತಿ ಬಂದಿದ್ದೇ ಬುದ್ಧಿ ಹೇಳೋಕೆ. ಕೆಟ್ಟವನಲ್ಲ, ಪಾಪ. ಆದರೆ ಕಬ್ಬಿನ ಬಿಲ್ಲಿಂದ ಹಿಡಿದು ಸೊಸೆ ತರುವವರೆಗೆ ‘ಎಷ್ಟು ಗಿಟ್ಟುತ್ತೆ’ ಅನ್ನೋದೇ ಅವನ ಮೊದಲ ಪ್ರಶ್ನೆ. ಎಂಬಿಬಿಎಸ್ ನಾಲ್ಕೂವರೆ ವರ್ಷ, ಹೌಸ್ ಸರ್ಜನ್ಸಿ 1 ವರ್ಷ, ಎಂಡಿ 3 ವರ್ಷ, ಅದರ ಮೇಲೆ ಹಸುಗೂಸುಗಳ ಸ್ಪೆಷಲಿಸ್ಟ್ ಆಗೋಕೆ ಡಿಎಂ ಮಾಡ್ತೀನಿ ಅಂದ್ರೆ ಇನ್ನೂ 3. ಬೆರಳು ಮಡಚಿ ಲೆಕ್ಕ ಹಾಕಿ, ‘ಇಷ್ಟು ಓದಿ ನಡುರಾತ್ರೀಲಿ ಅಳೋ ಮಕ್ಕಳ ಮಧ್ಯ ಕೂರ್ತೀಯಾ? ಎಸಿ ರೂಮಲ್ಲಿ ಸ್ಕ್ಯಾನಿಂಗ್ ನೋಡ್ಕೊಂಡು ಹಾಯಾಗಿರೋದು ಬಿಟ್ಟು’ ಅಂದ. ಅದರ ಹಿಂದೇ ಬಂದಿದ್ದು ಅರ್ಧ ಡೋಸಿನ ಡೈಲಾಗ್.

ಅವಳು ತಲೆ ಎತ್ತದೆ ಅನ್ನ ಕಲಸುತ್ತಾ, ‘ಅರ್ಧ ಡೋಸ್ ಅಂತ ಏನಿಲ್ಲ ಮಾವ, ಕೆಜಿ ಲೆಕ್ಕ’ ಅಂದಳು. ಅಷ್ಟೇ.

ಅದೇ ಹೊತ್ತಿಗೆ ಮಹಡಿ ಮನೆಯ ಸೊಸೆ ಕೂಸನ್ನು ಎತ್ತಿಕೊಂಡು ಇಳಿದು ಬಂದಳು. ಜ್ವರ. ಕೈಯಲ್ಲಿ ಪ್ಯಾರಸಿಟಮಾಲ್ ಡ್ರಾಪ್ಸ್. ‘5 ಎಂಎಲ್ ಹಾಕಿ ಅಂದಿದ್ರು. ಆ ದೊಡ್ಡ ಬಾಟ್ಲಿ ಖಾಲಿ ಆಯ್ತು, ಇದರಲ್ಲೇ ಅಷ್ಟು ಹಾಕ್ಲಾ?’

ಇವಳು ಎಡಗೈಯಲ್ಲೇ ಬಾಟ್ಲಿ ತಗೊಂಡು ಲೇಬಲ್ ಓದಿದಳು. ತೂಕ ಎಷ್ಟು? 8 ಕೆಜಿ. ಹಾಲು ಕುಡೀತಿದೆಯಾ? ಉಚ್ಚೆ ಹೊಯ್ತಿದೆಯಾ? ಆಮೇಲೆ ನಮಗೆಲ್ಲ ಕೇಳೋ ಹಾಗೆ ಲೆಕ್ಕ ಬಿಡಿಸಿದಳು. ಕೆಜಿಗೆ 15 ಮಿಲಿಗ್ರಾಂ, 8 ಕೆಜಿಗೆ 120. ಖಾಲಿಯಾದ ಸಿರಪ್ಪಿನ 5 ಎಂಎಲ್‌ನಲ್ಲಿ ಇದ್ದದ್ದು ಸರಿಯಾಗಿ 120. ಈ ಡ್ರಾಪ್ಸಿನಲ್ಲೋ, 1 ಎಂಎಲ್‌ಗೇ 100! ಅಂದ್ರೆ 1.2 ಎಂಎಲ್ ಸಾಕು. 5 ಎಂಎಲ್ ಹಾಕಿದ್ರೆ 500 ಮಿಲಿಗ್ರಾಂ. ನಾನು ತಲೆನೋವಿಗೆ ನುಂಗುವ ಮಾತ್ರೆ ಒಂದು ಪೂರ್ತಿ! ಡ್ರಾಪರ್‌ನ ಗೆರೆ ಮೇಲೆ ಉಗುರಿಟ್ಟು ತೋರಿಸಿ, ‘ಇಲ್ಲೀವರೆಗೆ ಒಂದು ಸಲ, ಅದರ ಮೇಲೆ ಇಷ್ಟೇ ಇಷ್ಟು, ಎರಡೂ ಸೇರಿ ಒಂದು ಡೋಸ್. ಮಗು ಮಂಕಾದ್ರೆ, ಹಾಲು ಬಿಟ್ರೆ ಕಾಯಬೇಡಿ, ನಿಮ್ಮ ಡಾಕ್ಟ್ರ ಹತ್ರ ಹೋಗಿ’ ಅಂತ ಕಳಿಸಿದಳು.

ಅಣ್ಣ ಮಜ್ಜಿಗೆ ಸುರಿದುಕೊಳ್ಳುತ್ತಾ ಕೇಳಿದ, ‘ಇದಕ್ಕೆ ಎಷ್ಟು ಬಂತು?’

ತಮಾಷೆಗೆ ಕೇಳಿದ್ದಲ್ಲ. ಅದಕ್ಕೇ ನನಗೆ ಚುರುಕ್ ಅಂದಿದ್ದು. ಯಾಕಂದ್ರೆ ಅವನ ಮಾತಲ್ಲಿ ಸತ್ಯವೂ ಇದೆ. ದೊಡ್ಡವರ ಕಾಯಿಲೆಯಲ್ಲಿ ಸ್ಟೆಂಟು, ಸ್ಕೋಪು, ಆಪರೇಷನ್ನು ಅಂತ ಬಿಲ್ ಬೆಳೀತದೆ. ಮಕ್ಕಳ ಡಾಕ್ಟ್ರದ್ದು ಹೆಚ್ಚಾಗಿ ಮಾತಿನ ಕೆಲಸ. ಕೂಸಿಗೆ ಎಲ್ಲಿ ನೋವು ಅಂತ ಹೇಳೋಕೆ ಬರಲ್ಲ. ಅಮ್ಮ ಒಂದು ಹೇಳ್ತಾಳೆ, ಅಜ್ಜಿ ಇನ್ನೊಂದು. ಅಪ್ಪನಿಗೆ ಫೈಲ್ ಹಿಡ್ಕೊಳ್ಳೋದು ಬಿಟ್ಟು ಬೇರೇನೂ ಗೊತ್ತಿರಲ್ಲ. ಇಷ್ಟನ್ನೂ ಕೇಳಿಸ್ಕೊಂಡು ಕೊನೆಗೆ ‘ವೈರಲ್ಲು, ಆಂಟಿಬಯಾಟಿಕ್ ಬೇಡ’ ಅಂದ್ರೆ ನಮಗೆ ಮೋಸ ಹೋದ ಹಾಗೆ. ‘ಬರೀ ತೂಕ ನೋಡಿ 400 ಕಿತ್ಕೊಂಡ್ರು’ ಅಂತ ಮೆಟ್ಟಿಲು ಇಳಿಯುವವರನ್ನು ನಾನೇ ನೋಡಿದ್ದೇನೆ. ಅದೇ ಸುಮ್ನೆ ಒಂದು ಇಂಜೆಕ್ಷನ್ ಚುಚ್ಚಿದ್ರೆ ಒಳ್ಳೇ ಡಾಕ್ಟ್ರು. ಈ ವಿಷಯದಲ್ಲಿ ನಮ್ಮ ಕಡೆ ಅಜ್ಜಿಯರ ಕಾಟ ಸ್ವಲ್ಪ ಜಾಸ್ತಿನೇ.

ನಾವು ಮಂಡ್ಯದಲ್ಲಿ ಬೆಳೆಯುವಾಗ ಪೋಲಿಯೋ ಆದ ಹುಡುಗರು ಎಲ್ಲ ಕಡೆ ಕಾಣ್ತಿದ್ದರು. ಅಣ್ಣನ ಕ್ಲಾಸಲ್ಲೇ ಒಬ್ಬ ಕಾಲಿಗೆ ಕಬ್ಬಿಣದ ಪಟ್ಟಿ ಕಟ್ಕೊಂಡು ಬರ್ತಿದ್ದ. ದೇಶದಲ್ಲಿ ಕಾಡು ವೈರಸ್ಸಿನ ಕೊನೆಯ ಪೋಲಿಯೋ ಕೇಸ್ ಆಗಿದ್ದು 2011ರ ಜನವರಿಯಲ್ಲಿ. ತಂಗಿ ಮಗಳು ಚೆಲುವಾಂಬ ಆಸ್ಪತ್ರೆಯಲ್ಲಿ ಹೌಸ್ ಸರ್ಜನ್ ಆಗಿ ಮಕ್ಕಳ ವಾರ್ಡಲ್ಲಿ ಹಗಲು ರಾತ್ರಿ ಓಡಾಡಿದವಳು. ಆದರೂ ಹೊಸ ಪೋಲಿಯೋ ಅನ್ನೋದನ್ನ ಕಣ್ಣಲ್ಲಿ ನೋಡಿಲ್ಲ, ಬರೀ ಪುಸ್ತಕದಲ್ಲಿ ಓದಿದ್ದು. ಬಾರದೇ ಹೋದ ಕಾಯಿಲೆಗೆ ಯಾರು ಬಿಲ್ ಹಾಕ್ತಾರೆ, ಯಾರು ಕೊಡ್ತಾರೆ? ಅಣ್ಣನಿಗೆ ಇದನ್ನ ಹೇಳಿದೆ. ‘ಅದು ಸರ್ಕಾರದ ಕೆಲಸ ಬಿಡು’ ಅಂದ. ಆ ಸರ್ಕಾರದ ಹನಿಯನ್ನ ಬೂತಲ್ಲಿ ಕೂತು ಒಂದೊಂದು ಬಾಯಿಗೂ ಹಾಕಿದವರು ಮನುಷ್ಯರೇ ಅಲ್ವಾ? ನರ್ಸುಗಳು, ಆಶಾಗಳು, ಅಂಗನವಾಡಿಯವರು. ಅವರಿಗೆ ಸಿಗೋ ದುಡ್ಡು ಕೇಳಿದ್ರೆ ಅಣ್ಣ ಬಿದ್ದೇ ಹೋಗ್ತಾನೆ.

ಬುಧವಾರ ಅವಳು ಆಪ್ಷನ್ ಲಾಕ್ ಮಾಡಿದಳು. ಮೊದಲು ಪೀಡಿಯಾಟ್ರಿಕ್ಸ್. ಮಾವನ ಸಮಾಧಾನಕ್ಕೆ ಕೆಳಗೆ ಒಂದು ರೇಡಿಯಾಲಜಿ. ಮೊದಲನೆಯದು ತಪ್ಪಿಹೋಗಲಿ ಅಂತ ಅಣ್ಣ ನಿಮಿಷಾಂಬೆಗೆ ಹರಕೆ ಹೊತ್ತಿದ್ದಾನಂತೆ. ರೇಡಿಯಾಲಜಿ ಸಿಗುವ ರ‍್ಯಾಂಕಿಗೆ ಪೀಡಿಯಾಟ್ರಿಕ್ಸ್ ಹೇಗೆ ತಪ್ಪುತ್ತೆ, ಅದನ್ನ ಅವನಿಗೆ ಯಾರೂ ಬಿಡಿಸಿ ಹೇಳಿಲ್ಲ. ತಂಗಿಯೂ ನಿನ್ನೆ ಚಾಮುಂಡಿ ಬೆಟ್ಟಕ್ಕೆ ಹೋಗಿ ಬಂದಳು. ಏನು ಕೇಳ್ಕೊಂಡೆ ಅಂದ್ರೆ ಬಾಯಿ ಬಿಡ್ತಿಲ್ಲ.