ಡರ್ಹಮ್‌ನಲ್ಲಿ ಒಬ್ಬ ಹುಡುಗನಿಗೆ ಕರೆ ಬಂದ ಸಂಜೆ

ನ್ಯೂಯಾರ್ಕ್, ವಾಷಿಂಗ್ಟನ್ ನೋಡಿದ್ದಾಯಿತು. ಅವುಗಳ ಬಗ್ಗೆ ಬರೆಯುವವರು ಬೇಕಾದಷ್ಟು ಜನ ಇದ್ದಾರೆ. ನಾನು ಬರೆಯಬೇಕು ಅಂತ ಕೂತಿರುವುದು ಉತ್ತರ ಕೆರೊಲಿನಾದ ಡರ್ಹಮ್ ಬಗ್ಗೆ. ಅಲ್ಲಿಗೆ ಹೋಗಿದ್ದು ‘ಬುಲ್ ಡರ್ಹಮ್’ ಸಿನಿಮಾದ ಮೇಲಿನ ಪ್ರೀತಿಯಿಂದ.

1988ರ ಸಿನಿಮಾ ಅದು. ಬೇಸ್‌ಬಾಲ್‌ನ ಕೆಳಗಿನ ಲೀಗಿನಲ್ಲಿ ಆಡುವ, ಈ ಊರಿನದೇ ಆದ ಡರ್ಹಮ್ ಬುಲ್ಸ್ ತಂಡದ ಕಥೆ. ಹೊಟ್ಟೆ ತುಂಬ ನಗಿಸುತ್ತದೆ. ಕ್ರ್ಯಾಶ್ ಡೇವಿಸ್ ಅನ್ನೋ ವಯಸ್ಸಾಗುತ್ತಿರುವ ಕ್ಯಾಚರ್ (ನಮ್ಮ ವಿಕೆಟ್ ಕೀಪರ್ ಥರ) ಪಾತ್ರದಲ್ಲಿ ಕೆವಿನ್ ಕಾಸ್ಟ್ನರ್ ಇದ್ದಾರೆ. ತಲೆ ನಿಲ್ಲದ, ಆದರೆ ಕೈಯಲ್ಲಿ ಸಿಡಿಲಿರುವ ಹೊಸ ಪಿಚರ್, ಅಂದರೆ ಚೆಂಡು ಎಸೆಯುವವನಾಗಿ ಟಿಮ್ ರಾಬಿನ್ಸ್. ಈ ಹುಡುಗನನ್ನು ಪಳಗಿಸಿ ಮೇಲಕ್ಕೆ, ಅಂದರೆ ಎಲ್ಲಕ್ಕಿಂತ ಎತ್ತರದ ಮೇಜರ್ ಲೀಗಿಗೆ ಕಳಿಸುವುದು ಕ್ರ್ಯಾಶ್‌ನ ಕೆಲಸ. ಹುಡುಗ ಮೇಲಕ್ಕೆ ಹೋಗುತ್ತಾನೆ. ಕ್ರ್ಯಾಶ್‌ನನ್ನು ತಂಡದಿಂದ ತೆಗೆಯುತ್ತಾರೆ.

ಬರೆದು ನಿರ್ದೇಶಿಸಿದ ರಾನ್ ಶೆಲ್ಟನ್ ತಾನೇ ಕೆಳಗಿನ ಲೀಗುಗಳಲ್ಲಿ ವರ್ಷಗಟ್ಟಲೆ ಆಡಿದವರು. ಕೊನೆಯ ಮೆಟ್ಟಿಲಿನ ತನಕ ಹೋಗಿದ್ದರು. ಮೇಜರ್ ಲೀಗ್ ಮಾತ್ರ ಸಿಗಲಿಲ್ಲ. ಆ ಸಿನಿಮಾದ ನಗು ಬೇರೆ ಥರ ಇರುವುದಕ್ಕೆ ಇದೇ ಕಾರಣ ಅಂತ ನನಗೆ ಗಟ್ಟಿಯಾಗಿ ಅನಿಸುತ್ತದೆ.

ನನ್ನ ತಂಗಿಯ ಮಗ ಇರುವುದು ಡರ್ಹಮ್‌ಗೆ ಹತ್ತಿರದ ಕ್ಯಾರಿ ಊರಿನಲ್ಲಿ. ಸುತ್ತಮುತ್ತ ಕನ್ನಡದವರು ಜಾಸ್ತಿ. ಪಕ್ಕದ ಮಾರಿಸ್‌ವಿಲ್‌ನಲ್ಲಿ ಚೆಂದದ ಕ್ರಿಕೆಟ್ ಮೈದಾನವೇ ಇದೆ, ಮೇಜರ್ ಲೀಗ್ ಕ್ರಿಕೆಟ್ ಪಂದ್ಯಗಳೂ ಅಲ್ಲಿ ನಡೆದಿವೆ. "ದೊಡ್ಡಮ್ಮ, ಇಲ್ಲಿರೋರು ಯಾರೂ ಬುಲ್ಸ್ ಮ್ಯಾಚಿಗೆ ಅಷ್ಟಾಗಿ ಹೋಗಲ್ಲ, ಆದ್ರೆ ನಿಮಗೋಸ್ಕರ ಬರ್ತೀನಿ" ಅಂದ.

ಹೋಗುವವರಿಗೆ ಒಂದು ಮಾತು, ಮೊದಲೇ ಹೇಳಿಬಿಡುತ್ತೇನೆ. ಈ ಊರಿನಲ್ಲಿ ಎರಡು ಮೈದಾನಗಳಿವೆ. ಸಿನಿಮಾ ತೆಗೆದಿದ್ದು ಡರ್ಹಮ್ ಅಥ್ಲೆಟಿಕ್ ಪಾರ್ಕಿನಲ್ಲಿ. 1995ರಿಂದ ತಂಡ ಆಡುತ್ತಿರುವುದು ಡರ್ಹಮ್ ಬುಲ್ಸ್ ಅಥ್ಲೆಟಿಕ್ ಪಾರ್ಕಿನಲ್ಲಿ. ನಡುವೆ ಒಂದು ಮೈಲಿ ಹತ್ತಿರ. ನಮ್ಮ ಟ್ಯಾಕ್ಸಿಯವನಿಗೆ ಹೊಸ ಮೈದಾನದ ಟಿಕೆಟ್ಟನ್ನೇ ತೋರಿಸಿದ್ದೆವು. ಆದರೂ ಹಳೆಯದರ ಮುಂದೆ ಇಳಿಸಿದ. ಅಲ್ಲಿಂದ ಹೊಸದಕ್ಕೆ ಬಿಡಪ್ಪಾ ಅಂದರೆ ಬೇರೆ ಬಾಡಿಗೆ ಅಂದ, ಮಾತು ಮುಗಿಯುವ ಮೊದಲೇ ಹೊರಟೇಹೋದ. ಆಟ ಶುರುವಾಗಲು ಸ್ವಲ್ಪವೇ ಹೊತ್ತಿತ್ತು. ಮೈಗೆ ಅಂಟುವ ಸೆಕೆ. ನನ್ನ ಮೊಣಕಾಲು ಬೇರೆ. ಅದನ್ನು ನೆನೆದರೆ ಈಗಲೂ ಸಿಟ್ಟು ಬರುತ್ತದೆ. ಹಾಗಾಗಿ ಹೆಸರು ನಂಬಬೇಡಿ, ಬೀದಿ ಹೇಳಿ. ಹೊಸದು ಬ್ಲ್ಯಾಕ್‌ವೆಲ್ ಸ್ಟ್ರೀಟ್, ಹಳೆಯದು ಕಾರ್ಪೊರೇಷನ್ ಸ್ಟ್ರೀಟ್.

ಹಳೆಯ ಮೈದಾನವನ್ನು ಬೇರೊಂದು ಬೆಳಿಗ್ಗೆ ನೆಮ್ಮದಿಯಾಗಿ ನೋಡಿದೆ. 1926ರದ್ದು. ಮರದ ಗ್ಯಾಲರಿ 1939ರಲ್ಲಿ ಸುಟ್ಟುಹೋಗಿ, ಆಮೇಲೆ ಕಾಂಕ್ರೀಟಿನಲ್ಲಿ ಕಟ್ಟಿದರು. ಚೂಪು ಟೋಪಿ ಇಟ್ಟ ಗುಂಡನೆಯ ಟಿಕೆಟ್ ಗೋಪುರ ಸಿನಿಮಾದಲ್ಲಿ ಇದ್ದ ಹಾಗೇ ಇದೆ. ಗ್ಯಾಲರಿಯಿಂದ ಅಂಗಳ ಎಷ್ಟು ಹತ್ತಿರ ಅಂದರೆ, ಆಟಗಾರ ಗೊಣಗಿದರೂ ಕೇಳಿಸೀತು. ನನಗೆ ಹೊಸದಕ್ಕಿಂತ ಇದೇ ಇಷ್ಟವಾಯಿತು. ಹೊಸದರಲ್ಲಿ ಪ್ರತಿ ಬಿಡುವಿನಲ್ಲೂ ಮೈಕಿನ ಅಬ್ಬರ, ಏನೇನೋ ಸ್ಪರ್ಧೆ. ಪಕ್ಕದವರ ಜೊತೆ ಮಾತಾಡೋಕೆ ಬಿಡೋದಿಲ್ಲ.

ಆದರೆ ಹೊಸ ಮೈದಾನದ ಗೂಳಿ ನನ್ನನ್ನು ಗೆದ್ದುಬಿಟ್ಟಿತು. ಎಡಗಡೆ 32 ಅಡಿ ಎತ್ತರದ ನೀಲಿ ಗೋಡೆ. ಅದರ ಮೇಲೆ ದೊಡ್ಡ ಗೂಳಿಯ ಫಲಕ. ಸಿನಿಮಾಗಾಗಿ ಮಾಡಿಸಿದ್ದ ಫಲಕ ಊರಿಗೆ ಹಿಡಿಸಿ, ಹೊಸ ಜಾಗಕ್ಕೂ ಅಂಥದ್ದನ್ನೇ ಮಾಡಿಕೊಂಡಿದ್ದಾರೆ. ಬುಲ್ಸ್ ಹೋಮ್ ರನ್ (ನಮ್ಮ ಸಿಕ್ಸರ್ ಥರದ್ದು) ಹೊಡೆದರೆ ಕಣ್ಣು ಕೆಂಪಾಗುತ್ತದೆ, ಬಾಲ ಆಡುತ್ತದೆ, ಮೂಗಿನಿಂದ ಹೊಗೆ ಬರುತ್ತದೆ. ಚೆಂಡು ಗೂಳಿಗೆ ಬಡಿದರೆ ಆಟಗಾರನಿಗೆ ಮಾಂಸದೂಟ ಅಂತ ಬರೆದಿದೆ. ಅದರ ಕಾಲಡಿಯ ಹುಲ್ಲಿಗೆ ಬಡಿದರೆ ಸಲಾಡ್. ಸೊಪ್ಪು ತರಕಾರಿ ತಿನ್ನುವವಳಾಗಿ ನಾನು ಸಂಜೆಯಿಡೀ ಹುಲ್ಲಿನ ಕಡೆಗೇ ಇದ್ದೆ.

ನಮ್ಮ ಪಕ್ಕದಲ್ಲಿ ಒಬ್ಬರು ಹಿರಿಯರು ಕೂತಿದ್ದರು. ಮಡಿಲಲ್ಲಿ ಸ್ಕೋರ್ ಪುಸ್ತಕ, ಕೈಯಲ್ಲಿ ಪೆನ್ಸಿಲ್. ಪ್ರತಿ ಚೆಂಡನ್ನೂ ಬರೆದುಕೊಳ್ಳುತ್ತಿದ್ದರು. ಸಿನಿಮಾ ನೋಡಿ ಬಂದಿದ್ದೇನೆ ಅಂದಾಗ ಪೆನ್ಸಿಲ್ ನಿಲ್ಲಿಸಿದರು.

"ಅದರಲ್ಲಿ ನಾನೂ ಇದ್ದೇನೆ," ಅಂದರು. "ಮುಖ ಕಾಣಿಸೋದಿಲ್ಲ. ಜನರ ಗುಂಪಿನಲ್ಲಿ ಕೂತಿದ್ದೆ. 87ರ ಶರತ್ಕಾಲ, ರಾತ್ರಿ ಹೊತ್ತು. ಬೇಸಿಗೆ ಅಂತ ತೋರಿಸಬೇಕು, ನಾವೆಲ್ಲ ತೆಳು ಅಂಗಿಯಲ್ಲಿ ನಡುಗುತ್ತಿದ್ದೆವು."

ಆಗೆಲ್ಲ ಅವರ ಮನೆಯ ಮಹಡಿ ಕೋಣೆಯಲ್ಲಿ ಆಟಗಾರರು ಇರುತ್ತಿದ್ದರಂತೆ. ಬಾಡಿಗೆ ಕೊಡುವಷ್ಟು ಸಂಬಳ ಅವರಿಗೆ ಎಲ್ಲಿತ್ತು? ಇದು ತೀರಾ ಹಳೆಯ ಮಾತೂ ಅಲ್ಲ. ತಂಡದವರೇ ವಸತಿ ಕೊಡಬೇಕು ಅಂತಾಗಿದ್ದು 2022ರಲ್ಲಿ. 2023ರ ಒಪ್ಪಂದದ ನಂತರ ಟ್ರಿಪಲ್ ಎ ಆಟಗಾರನ ಕನಿಷ್ಠ ಸಂಬಳ ವರ್ಷಕ್ಕೆ 17,500 ಡಾಲರಿನಿಂದ 35,800ಕ್ಕೆ ಏರಿತು. ಟ್ರಿಪಲ್ ಎ ಅಂದರೆ ಮೇಜರ್ ಲೀಗಿಗೆ ಒಂದೇ ಮೆಟ್ಟಿಲು ಕೆಳಗೆ. ಬುಲ್ಸ್ ಈಗ ಅಲ್ಲಿದೆ, ಟ್ಯಾಂಪಾ ಬೇ ರೇಸ್ ತಂಡಕ್ಕೆ ಆಟಗಾರರನ್ನು ತಯಾರು ಮಾಡುತ್ತದೆ.

"ಕ್ರ್ಯಾಶ್ ಡೇವಿಸ್ ಅನ್ನೋ ಹೆಸರು ನಿಜವಾದದ್ದು, ಗೊತ್ತಾ?" ಅಂದರು. ಗೊತ್ತಿತ್ತು. ಲಾರೆನ್ಸ್ ಡೇವಿಸ್ 1948ರಲ್ಲಿ ಬುಲ್ಸ್‌ಗೆ ಆಡಿ 50 ಡಬಲ್ (ಒಂದೇ ಹೊಡೆತಕ್ಕೆ ಎರಡನೇ ಬೇಸ್ ತನಕ ಓಡುವುದು) ಹೊಡೆದವರು. ಹಳೆಯ ದಾಖಲೆಯಲ್ಲಿ ಶೆಲ್ಟನ್ ಆ ಹೆಸರು ನೋಡಿ ಇಟ್ಟುಕೊಂಡರು.

"ಸರಿ, ಮೈಕ್ ಹೆಸ್‌ಮನ್ ಗೊತ್ತಾ?"

ಗೊತ್ತಿರಲಿಲ್ಲ. ಅವರು ಪುಸ್ತಕದ ಅಂಚಿನಲ್ಲಿ ಎರಡು ಸಂಖ್ಯೆ ಬರೆದು ತೋರಿಸಿದರು. 433, ಕೆಳಗೆ 14. ಅಮೆರಿಕದ ಮೈನರ್, ಅಂದರೆ ಕೆಳಗಿನ ಲೀಗುಗಳಲ್ಲಿ 433 ಹೋಮ್ ರನ್, 2015ರಲ್ಲಿ ಆದ ದಾಖಲೆ. ಮೇಜರ್ ಲೀಗಿನಲ್ಲಿ 14.

ಆಮೇಲೆ ಕೇಳಿದರು: "ನಿಮ್ಮ ಕ್ರಿಕೆಟ್‌ನಲ್ಲಿ ಇಂಥವರು ಇಲ್ವಾ?"

ಯಾಕಿಲ್ಲ? ಹರಿಯಾಣದ ರಾಜಿಂದರ್ ಗೋಯಲ್ ಬಗ್ಗೆ ಹೇಳಿದೆ. ರಣಜಿಯಲ್ಲಿ 637 ವಿಕೆಟ್, ಒಂದೂ ಟೆಸ್ಟ್ ಇಲ್ಲ. ನಮ್ಮವರೇ ಆದ ಬಿ. ವಿಜಯಕೃಷ್ಣ ಬಗ್ಗೆ ಹೇಳಿದೆ. ಪ್ರಸನ್ನ, ಚಂದ್ರಶೇಖರ್ ಜೊತೆ ಬೌಲ್ ಮಾಡಿದ ಎಡಗೈ ಸ್ಪಿನ್ನರ್, ಕೆಳಗೆ ಬಂದು ಬ್ಯಾಟನ್ನೂ ಬೀಸುತ್ತಿದ್ದವರು. ಭಾರತಕ್ಕೆ ಆಡಲಿಲ್ಲ. ಅವರ ಬ್ಯಾಟಿಂಗ್ ನೋಡಬೇಕು ಅಂತಲೇ ನಮ್ಮಣ್ಣ ಕಾಲೇಜು ತಪ್ಪಿಸುತ್ತಿದ್ದ. ಹಿರಿಯರು ಹೆಸರನ್ನು ಅಕ್ಷರ ಬಿಡಿಸಿ ಕೇಳಿ, 433ರ ಪಕ್ಕದಲ್ಲೇ ಬರೆದುಕೊಂಡರು.

ಏಳನೇ ಇನಿಂಗ್ಸ್ ಇರಬೇಕು. ಬುಲ್ಸ್‌ನ ಒಬ್ಬ ಔಟ್‌ಫೀಲ್ಡರ್ ಅಂಗಳದಿಂದ ಓಡಿ ಬಂದ. ಗಾಯ ಏನೂ ಆದ ಹಾಗಿರಲಿಲ್ಲ. ಡಗೌಟಿನಲ್ಲಿ ಮ್ಯಾನೇಜರ್ ಅವನ ಕಿವಿಯಲ್ಲಿ ಏನೋ ಹೇಳಿದ. ಹುಡುಗ ಟೋಪಿಯಿಂದ ಮುಖ ಮುಚ್ಚಿಕೊಂಡ. ಆಮೇಲೆ ಒಬ್ಬೊಬ್ಬರಾಗಿ ತಬ್ಬಿಕೊಳ್ಳತೊಡಗಿದರು. ಮೈಕಿನಲ್ಲಿ ಏನೂ ಹೇಳಲಿಲ್ಲ. ಆದರೂ ಜನರಿಗೆ ಅರ್ಥವಾಗಿ, ಒಂದು ಮೂಲೆಯಿಂದ ಚಪ್ಪಾಳೆ ಶುರುವಾಯಿತು.

"ಕರೆ ಬಂತು ಅವನಿಗೆ. ಮೇಲಕ್ಕೆ ಹೋಗ್ತಾನೆ," ಅಂದರು ಹಿರಿಯರು. ಅವರ ಕಣ್ಣು ತುಂಬಿತ್ತು. ನನ್ನದೂ. ತಂಗಿಯ ಮಗ ಎದ್ದು ನಿಂತು ಶಿಳ್ಳೆ ಹಾಕಿದ.

"ಈಗ ಅವನ ಜಾಗಕ್ಕೆ ಹೋಗೋನನ್ನ ನೋಡಿ," ಅಂದರು.

ಮೂವತ್ತು ದಾಟಿದವನ ಹಾಗಿದ್ದ. ಗಡ್ಡದಲ್ಲಿ ಒಂದೆರಡು ಬಿಳಿ ಕೂದಲು. ಕೈಗವಸು ಹಾಕಿಕೊಂಡು ಹೊರಟವನು ತಿರುಗಿ ಬಂದ. ಹುಡುಗನ ತಲೆಯನ್ನು ಎರಡೂ ಕೈಯಲ್ಲಿ ಹಿಡಿದು ಏನೋ ಹೇಳಿದ. ಹುಡುಗ ನಕ್ಕ. ಇವನು ಅಂಗಳಕ್ಕೆ ಓಡಿದ.

"ಇವರಿಗೆ ಹೊಟ್ಟೆ ಉರಿಯೋದಿಲ್ವಾ?" ಅಂತ ಕೇಳಿದೆ.

"ಉರಿಯುತ್ತೆ. ನಮ್ಮ ಮಹಡಿ ಕೋಣೆಯಲ್ಲಿ ರಾತ್ರಿ ಅತ್ತವರಿದ್ದಾರೆ, ನನಗೆ ಕೇಳಿಸ್ತಿತ್ತು. ಬೆಳಿಗ್ಗೆ ತಿಂಡಿ ತಿಂದು ಪ್ರಾಕ್ಟೀಸ್‌ಗೆ ಹೋಗ್ತಿದ್ರು."

"ಇವರು ಮೇಲಕ್ಕೆ ಹೋಗಿದ್ರಾ ಯಾವತ್ತಾದ್ರೂ?"

"ಹೋಗಿದ್ದ. ಒಂದು ಬೇಸಿಗೆ, ಕೆಲವೇ ವಾರ." ಪೆನ್ಸಿಲ್ ಎತ್ತಿಕೊಂಡರು. "ನಾಳೆ ಅವನೇ ಆಡ್ತಾನೆ, ಮೊದಲಿನಿಂದ. ನೀವೂ ಬನ್ನಿ."

ಮಾರನೆಯ ದಿನ ಬೆಟ್ಟದ ಕಡೆ, ಆಶ್ವಿಲ್‌ಗೆ ಹೋಗುವುದೆಂದು ಎಲ್ಲ ಬುಕ್ ಆಗಿತ್ತು. ಸಿನಿಮಾದಲ್ಲಿ ಕ್ರ್ಯಾಶ್ ಕೊನೆಗೆ ಹೋಗಿ ತನ್ನ ದಾಖಲೆಯ ಹೋಮ್ ರನ್ ಹೊಡೆಯುವುದು ಆ ಊರಿನ ತಂಡಕ್ಕೇ. ರದ್ದು ಮಾಡಿಸಿದೆ, ಹೋಟೆಲಿನ ದುಡ್ಡೂ ಹೋಯಿತು. ಈ ಸಲ ತಂಗಿಯ ಮಗನೇ ಕಾರು ಓಡಿಸಿದ. ಹಿರಿಯರು ನಮಗಾಗಿ ಪಕ್ಕದ ಎರಡು ಕುರ್ಚಿಗಳ ಮೇಲೆ ತಮ್ಮ ಕೋಟು ಹರಡಿದ್ದರು. ಗಡ್ಡದವನು ಎರಡು ಸಲ ಔಟಾದ. ಮೂರನೆಯ ಸಲ ಚೆಂಡು ನೀಲಿ ಗೋಡೆಗೆ ಬಡಿದು ವಾಪಸ್ ಬಂತು, ಗೂಳಿಗೂ ತಾಗಲಿಲ್ಲ, ಹುಲ್ಲಿಗೂ ತಾಗಲಿಲ್ಲ. ಡಬಲ್. ನಾವು ಮೂವರೂ ಎದ್ದು ನಿಂತು ಗಂಟಲು ಹರಿಯುವ ಹಾಗೆ ಕೂಗಿದೆವು.